ಗೇಟಿನ ಒಳಗಿನ ಬಿಯರ್, ಹೊರಗಿನ ಬಿಯರ್

ಅಮೆರಿಕದ ಕಾಲೇಜು ಫುಟ್‌ಬಾಲ್ ಎಂದೊಡನೆ ನಮ್ಮ ಅಂತರಕಾಲೇಜು ಪಂದ್ಯಗಳ ಖಾಲಿ ಬೆಂಚುಗಳನ್ನು ನೆನೆಸಿಕೊಳ್ಳಬಾರದು. ಮಿಶಿಗನ್ ವಿಶ್ವವಿದ್ಯಾಲಯದ ಕ್ರೀಡಾಂಗಣದಲ್ಲಿ 1,07,000ಕ್ಕೂ ಹೆಚ್ಚು ಜನ ಕೂರಬಹುದು. ಅಷ್ಟು ಜನರಿಂದ ಬೆಂಗಳೂರಿನ ಚಿನ್ನಸ್ವಾಮಿ ಕ್ರೀಡಾಂಗಣವನ್ನು ಎರಡು ಸಲ ತುಂಬಿಸಿದರೂ ಇನ್ನೂ ಮಿಗುತ್ತಾರೆ. ಇಂಥ ಜಾಗದಲ್ಲಿ ಬಿಯರ್ ಮಾರಬಹುದೇ ಎಂಬುದು ಅಲ್ಲಿ ದಶಕಗಳ ಜಗಳ. ಈಗ ಬಹುಮಟ್ಟಿಗೆ ಮಾರುವವರೇ ಗೆದ್ದಿದ್ದಾರೆ. ವೆಸ್ಟ್ ವರ್ಜೀನಿಯಾ ವಿಶ್ವವಿದ್ಯಾಲಯ 2011ರಲ್ಲಿ, ಟೆಕ್ಸಾಸ್ 2015ರಲ್ಲಿ, ಒಹಾಯೊ ಸ್ಟೇಟ್ 2016ರಲ್ಲಿ ಇಡೀ ಕ್ರೀಡಾಂಗಣಕ್ಕೆ ಮಾರಾಟವನ್ನು ತೆರೆದವು. ದಕ್ಷಿಣದ ಬಲಾಢ್ಯ ತಂಡಗಳ ಕೂಟವಾದ ಎಸ್‌ಇಸಿ ತನ್ನ ನಿಷೇಧವನ್ನು ಕೈಬಿಟ್ಟಿದ್ದು 2019ರಲ್ಲಿ. ಮಿಶಿಗನ್ ಅಂತೂ 2023ರಲ್ಲಿ ರಾಜ್ಯದ ಕಾನೂನೇ ಬದಲಾಗುವವರೆಗೆ ಕಾಯಬೇಕಾಯಿತು. ಈ ಪಂದ್ಯಗಳ ಸಹವಾಸದಿಂದ ನಾನು ಕಲಿತದ್ದು ಇಷ್ಟು: ಬಿಯರ್ ಮಾರಿದ್ದರಿಂದಲೇ ಪ್ರೇಕ್ಷಕರು ಕೆಟ್ಟದ್ದೂ ಇಲ್ಲ, ಮಾರದೆ ಇದ್ದದ್ದರಿಂದ ಉದ್ಧಾರವಾದದ್ದೂ ಇಲ್ಲ. ಎಷ್ಟು ದೊಡ್ಡ ಕಪ್ಪಿನಲ್ಲಿ, ಎಲ್ಲಿ ನಿಂತು, ಎಷ್ಟು ಹೊತ್ತಿನವರೆಗೆ ಮಾರುತ್ತಾರೆ ಎಂಬ ಚಿಲ್ಲರೆ ಸಂಗತಿಗಳೇ ಎಲ್ಲವನ್ನೂ ತೀರ್ಮಾನಿಸುತ್ತವೆ.

ನಿಷೇಧವಿದ್ದ ಕಾಲದಲ್ಲಿ ಅಲ್ಲಿನವರು ಕುಡಿಯುತ್ತಿರಲಿಲ್ಲವೇ? ಧಾರಾಳವಾಗಿ ಕುಡಿಯುತ್ತಿದ್ದರು. ಪಂದ್ಯದ ದಿನ ಬೆಳಗ್ಗೆಯೇ ಪಾರ್ಕಿಂಗ್ ಬಯಲಿನಲ್ಲಿ ಕಾರುಗಳ ಹಿಂಬಾಗಿಲು ತೆರೆದು, ಒಲೆ ಹೂಡಿ ಮಾಂಸ ಸುಡುತ್ತಾ, ಐಸ್ ಪೆಟ್ಟಿಗೆಯಿಂದ ಡಬ್ಬಿಯ ಮೇಲೆ ಡಬ್ಬಿ ತೆಗೆಯುವ ಜಾತ್ರೆ ನಡೆಯುತ್ತದೆ. ಅದನ್ನೇ ಟೈಲ್‌ಗೇಟಿಂಗ್ ಎನ್ನುತ್ತಾರೆ. ಅಲ್ಲಿ ಬೆಲೆಯ ತಡೆಯಿಲ್ಲ, ಅಳೆದುಕೊಡುವವರಿಲ್ಲ, ಸಾಕು ಎನ್ನುವವರಿಲ್ಲ. ಒಳಗೆ ಹೋದ ಮೇಲೆ ನಾಲ್ಕು ಗಂಟೆ ಒಣಗಬೇಕೆಂದು ಗೊತ್ತಿದ್ದವರು ಗೇಟಿನ ಹತ್ತಿರ ಬಂದಾಗ ಆ ನಾಲ್ಕು ಗಂಟೆಯ ಪಾಲನ್ನೂ ಸೇರಿಸಿ ಹೊಟ್ಟೆಗೆ ಇಳಿಸುತ್ತಿದ್ದರು. ಅದೂ ಸಾಲದೆಂಬವರು ಬೂಟಿನಲ್ಲೋ ಸೊಂಟದಲ್ಲೋ ವಿಸ್ಕಿಯ ಚಪ್ಪಟೆ ಸೀಸೆ ಬಚ್ಚಿಟ್ಟುಕೊಂಡು ನುಸುಳುತ್ತಿದ್ದರು. ಬಿಯರ್ ತಡೆಯಲು ಮಾಡಿದ ನಿಯಮ ಬಿಯರಿನ ಜಾಗಕ್ಕೆ ವಿಸ್ಕಿಯನ್ನು ತಂದಿತು. ಜೊತೆಗೆ, ನಿಷೇಧ ಎಲ್ಲರಿಗೂ ಇರಲಿಲ್ಲ. ಎಸ್‌ಇಸಿ ಕ್ರೀಡಾಂಗಣಗಳಲ್ಲಿ ದುಬಾರಿ ಕೋಣೆಗಳಲ್ಲಿ ಕೂತ ದಾನಿಗಳಿಗೆ ಮೊದಲಿಂದಲೂ ಮದ್ಯ ಸಿಗುತ್ತಿತ್ತು. ನೀತಿಪಾಠವೆಲ್ಲ ಬೆಂಚಿನ ಮೇಲೆ ಕೂತವರಿಗೆ.

ಮಾರಾಟದ ಪರ ಇರುವವರು ಎಲ್ಲಕ್ಕಿಂತ ಮೊದಲು ಎತ್ತುವ ಹೆಸರು ವೆಸ್ಟ್ ವರ್ಜೀನಿಯಾ. ಅಲ್ಲಿ ಬಿಯರ್ ಶುರುವಾದ ವರ್ಷ ಪಂದ್ಯದ ದಿನ ಪೊಲೀಸರಿಗೆ ಬಂದ ದೂರುಗಳು ಹಿಂದಿನ ವರ್ಷಕ್ಕಿಂತ ಸುಮಾರು ಮೂರನೇ ಒಂದು ಪಾಲು ಇಳಿದವು. ನೋಡಿ, ಮಾರಿದರೆ ಗಲಾಟೆ ಕಡಿಮೆಯಾಗುತ್ತದೆ ಎಂದು ಆಮೇಲೆ ಮಾರಾಟಕ್ಕೆ ಇಳಿದ ಹಲವರು ಇದನ್ನೇ ತೋರಿಸಿದರು. ಆದರೆ ಅದೇ ವರ್ಷ ಅಲ್ಲಿ ಇನ್ನೊಂದು ಬದಲಾವಣೆಯೂ ಆಗಿತ್ತು, ಅದನ್ನು ಹೇಳುವವರು ಕಡಿಮೆ. ಅದಕ್ಕೆ ಮೊದಲು ಪ್ರೇಕ್ಷಕರು ಅರ್ಧ ಆಟ ಮುಗಿದಾಗ ಹೊರಗೆ ಹೋಗಿ, ಕಾರಿನ ಬಳಿ ಒಂದಿಷ್ಟು ಏರಿಸಿಕೊಂಡು ಮತ್ತೆ ಒಳಗೆ ಬರಬಹುದಿತ್ತು. ಅದನ್ನು ನಿಲ್ಲಿಸಲಾಯಿತು. ಇಪ್ಪತ್ತು ನಿಮಿಷದಲ್ಲಿ ಮೂರು ನಾಲ್ಕು ಪೆಗ್ ಮುಗಿಸುತ್ತಿದ್ದವನು ಈಗ ಸಾಲಿನಲ್ಲಿ ನಿಂತು, ಗುರುತಿನ ಚೀಟಿ ತೋರಿಸಿ, ದುಬಾರಿ ಬಿಯರ್ ಕೊಳ್ಳಬೇಕಾಯಿತು. ದೂರು ಇಳಿದದ್ದರ ಶ್ರೇಯಸ್ಸು ಬಿಯರಿಗಿಂತ ಹೆಚ್ಚಾಗಿ ಆ ಮುಚ್ಚಿದ ಗೇಟಿಗೆ ಸಲ್ಲಬೇಕು ಎಂದು ನನಗನ್ನಿಸುತ್ತದೆ. ಎರಡೂ ಒಟ್ಟಿಗೆ ಬಂದದ್ದರಿಂದ ಬಿಡಿಸಿ ಅಳೆಯುವುದು ಕಷ್ಟ, ಒಪ್ಪುತ್ತೇನೆ. ಆದರೆ ಬಿಡಿಸಲಾಗದ ಲೆಕ್ಕವನ್ನು ಬಿಯರಿನ ಖಾತೆಗೆ ಪೂರ್ತಿ ಜಮಾ ಮಾಡುವುದಂತೂ ನ್ಯಾಯವಲ್ಲ.

ವಿರೋಧಿಗಳ ಕೈಯಲ್ಲೂ ಗಟ್ಟಿ ಸಾಕ್ಷಿಯಿದೆ. ಕೊಲರಾಡೊ ವಿಶ್ವವಿದ್ಯಾಲಯ 1996ರಲ್ಲಿ ತನ್ನ ಫೋಲ್ಸಮ್ ಫೀಲ್ಡ್‌ನಲ್ಲಿ ಬಿಯರ್ ಮಾರಾಟವನ್ನು ನಿಲ್ಲಿಸಿತು. ಆ ಮೇಲಿನ ಅಂಕಿಗಳನ್ನು ತಾಳೆ ಹಾಕಿ 2001ರಲ್ಲಿ ಪ್ರಕಟವಾದ ಅಧ್ಯಯನದ ಪ್ರಕಾರ ಬಂಧನ, ಹೊಡೆದಾಟ, ಹೊರಗೆ ಹಾಕಿಸಿಕೊಂಡವರ ಸಂಖ್ಯೆ ಮೂರೂ ಇಳಿದಿದ್ದವು. ಒಂದು ಕಡೆ ಮಾರಿದಾಗ ಇಳಿಕೆ, ಇನ್ನೊಂದು ಕಡೆ ನಿಲ್ಲಿಸಿದಾಗ ಇಳಿಕೆ. ಯಾರೋ ಒಬ್ಬರು ಸುಳ್ಳು ಹೇಳುತ್ತಿದ್ದಾರೆ ಎಂದುಕೊಳ್ಳಬೇಕಾಗಿಲ್ಲ. ಬೇಜವಾಬ್ದಾರಿಯಿಂದ ನಡೆಯುವ ಮಾರಾಟವನ್ನು ನಿಲ್ಲಿಸಿದರೆ ಒಳ್ಳೆಯದೇ ಆಗುತ್ತದೆ. ಹಿಡಿತವಿಲ್ಲದ ಹೊರಗಿನ ಕುಡಿತದ ಬದಲು ಹಿಡಿತವಿರುವ ಒಳಗಿನ ಮಾರಾಟ ಬಂದರೂ ಒಳ್ಳೆಯದಾಗಬಹುದು. ಎರಡರಲ್ಲೂ ಕೆಲಸ ಮಾಡಿದ್ದು ಹಿಡಿತ. ಇದನ್ನು ಬಲಪಡಿಸುವ ಸಾಕ್ಷಿ ಮಿನ್ನೆಸೋಟ ವಿಶ್ವವಿದ್ಯಾಲಯದ ಸಂಶೋಧಕರಿಂದ ಬಂದಿದೆ, ವೃತ್ತಿಪರ ಪಂದ್ಯಗಳ ಕುರಿತದ್ದಾದರೂ. ಪಂದ್ಯ ಮುಗಿಸಿ ಹೊರಬರುತ್ತಿದ್ದ 362 ಮಂದಿಯ ಉಸಿರು ಪರೀಕ್ಷಿಸಿದಾಗ ಸುಮಾರು ಶೇ. 40 ಮಂದಿಯಲ್ಲಿ ಮದ್ಯದಂಶ ಕಂಡಿತು, ಶೇ. 8ರಷ್ಟು ಮಂದಿ ವಾಹನ ಓಡಿಸುವ ಕಾನೂನಿನ ಮಿತಿಯನ್ನು ದಾಟಿದ್ದರು. ಟೈಲ್‌ಗೇಟಿಂಗ್ ಮಾಡಿ ಬಂದವರು ಮಿತಿ ದಾಟಿರುವ ಸಾಧ್ಯತೆ ಉಳಿದವರಿಗಿಂತ 14 ಪಟ್ಟು ಹೆಚ್ಚು. ಅದೇ ತಂಡದ ಇನ್ನೊಂದು ಅಧ್ಯಯನದಲ್ಲಿ ಅಮಲೇರಿದಂತೆ ನಟಿಸಿ ಬಿಯರ್ ಕೇಳಿದವರಿಗೆ ನೂರಕ್ಕೆ 74 ಸಲ ಕೊಟ್ಟುಬಿಟ್ಟರು. ಕೌಂಟರಿನವರಿಗಿಂತ ಗ್ಯಾಲರಿಯೊಳಗೆ ಕೂಗುತ್ತಾ ತಿರುಗಿ ಮಾರುವವರು ಕೊಟ್ಟದ್ದೇ ಹೆಚ್ಚು. ಎಸ್‌ಇಸಿ 2019ರಲ್ಲಿ ತಿರುಗಾಡಿ ಮಾರುವುದನ್ನು ಪೂರ್ತಿ ನಿಷೇಧಿಸಿ, ನಿಗದಿತ ಕೌಂಟರಿನಲ್ಲಿ ಮಾತ್ರ, ಪ್ರತಿ ಸಲವೂ ಗುರುತಿನ ಚೀಟಿ ನೋಡಿಯೇ ಕೊಡಬೇಕೆಂದದ್ದು ಸರಿಯಾದ ನಡೆ ಎಂದು ನಾನು ಹೇಳುವುದು ಇದಕ್ಕೇ. ಎದ್ದು ಮೆಟ್ಟಿಲಿಳಿದು ಹೋಗಬೇಕಾದ ಒಂದು ಸಣ್ಣ ಕಷ್ಟವೇ ಎಷ್ಟೋ ಜನರ ಮುಂದಿನ ಬಿಯರನ್ನು ತಪ್ಪಿಸುತ್ತದೆ.

ಈಗ ಕೊಳ್ಳುವವರ ಕಡೆಯ ಲೆಕ್ಕ. ಒಂದು ಸಲಕ್ಕೆ ಇಂತಿಷ್ಟೇ, ಸಾಮಾನ್ಯವಾಗಿ ಎರಡೇ ಎಂಬ ಮಿತಿ ಕೇಳಲು ಚೆನ್ನಾಗಿದೆ. ಆದರೆ ಮಿತಿ ಎಣಿಸುವುದು ಪಾತ್ರೆಯನ್ನು, ಒಳಗಿನ ಮದ್ಯವನ್ನಲ್ಲ. ಅಮೆರಿಕದ ಲೆಕ್ಕದಲ್ಲಿ ಒಂದು ಪಾನ ಎಂದರೆ ಶೇ. 5 ಮದ್ಯದಂಶದ 12 ಔನ್ಸ್ ಬಿಯರ್, ಅಂದರೆ 355 ಮಿಲಿಲೀಟರ್. ಕ್ರೀಡಾಂಗಣಗಳಲ್ಲಿ 16 ಔನ್ಸ್‌ನ, 24 ಔನ್ಸ್‌ನ ಡಬ್ಬಿಗಳೂ ಸಿಗುತ್ತವೆ. 24 ಔನ್ಸ್‌ನ ಎರಡು ಡಬ್ಬಿ ಹಿಡಿದು ಸೀಟಿಗೆ ಮರಳಿದವನ ಕೈಯಲ್ಲಿರುವುದು ನಾಲ್ಕು ಪಾನ. ಯಕೃತ್ತು ಗಂಟೆಗೆ ಹೆಚ್ಚುಕಮ್ಮಿ ಒಂದು ಪಾನವನ್ನು ಕರಗಿಸುತ್ತದೆ. ಪಂದ್ಯ ಮೂರೂವರೆ ಗಂಟೆಯದು. ಫುಟ್‌ಬಾಲ್‌ನಲ್ಲಿ ಮುಕ್ಕಾಲು ಆಟ ಮುಗಿದಾಗ ಮಾರಾಟ ನಿಲ್ಲಿಸಬೇಕೆಂಬ ನಿಯಮ ಚೆನ್ನಾಗಿಯೇ ಇದೆ, ಆದರೆ ನಿಲ್ಲುವ ಮುಂಚೆ ಕೊನೆಯ ಎರಡು ಡಬ್ಬಿ ಕೊಂಡುಕೊಳ್ಳಲು ಓಡುವವರಿಗೆ ಅದು ಎಚ್ಚರಿಕೆಯ ಗಂಟೆಯಾಗದೆ ಊಟದ ಗಂಟೆಯಾಗುತ್ತದೆ. ಮನೆಗೆ ಕಾರು ಓಡಿಸಬೇಕಾದವರು ಅರ್ಧ ಆಟದ ಹೊತ್ತಿಗೇ ನಿಲ್ಲಿಸಿ ನೀರಿಗೆ ತಿರುಗುವುದೇ ಸರಿ. ಬೆಲೆ ದುಬಾರಿ ಎಂದು ಗೊಣಗುವವರ ಜೊತೆ ನಾನು ದನಿಗೂಡಿಸುವುದಿಲ್ಲ. ಹತ್ತು ಡಾಲರ್ ಆಚೀಚೆಯ ಆ ಬೆಲೆ ಯಾವ ಭಾಷಣಕ್ಕಿಂತಲೂ ಚೆನ್ನಾಗಿ ಕೈ ತಡೆಯುತ್ತದೆ.

ಎಲ್ಲಕ್ಕಿಂತ ಬಲವಾದ ಆಕ್ಷೇಪ ವಯಸ್ಸಿನದು. 1984ರ ಕೇಂದ್ರ ಕಾನೂನು 21ಕ್ಕಿಂತ ಕಡಿಮೆ ವಯಸ್ಸಿನವರಿಗೆ ಮದ್ಯ ಕೊಡಲು ಬಿಟ್ಟ ರಾಜ್ಯಗಳ ಹೆದ್ದಾರಿ ಅನುದಾನವನ್ನು ಕತ್ತರಿಸುವ ಬೆದರಿಕೆ ಹಾಕಿತು. 1988ರ ಹೊತ್ತಿಗೆ ಎಲ್ಲ ರಾಜ್ಯಗಳೂ 21ಕ್ಕೆ ಬಂದವು. ಕಾಲೇಜು ಸೇರುವವರಿಗೆ 18. ವಿದ್ಯಾರ್ಥಿ ಗ್ಯಾಲರಿಯಲ್ಲಿ ಕೂತವರಲ್ಲಿ ದೊಡ್ಡ ಪಾಲು ಕಾನೂನಿನ ಪ್ರಕಾರ ಬಿಯರ್ ಮುಟ್ಟುವಂತಿಲ್ಲ, ಅವರ ನಡುವೆಯೇ ಮುಟ್ಟಬಹುದಾದವರು ಕೂತಿರುತ್ತಾರೆ. ಕಪ್ಪು ಒಂದು ಕೈಯಿಂದ ಇನ್ನೊಂದು ಕೈಗೆ ದಾಟುವುದನ್ನು ಯಾವ ಕೌಂಟರೂ ತಡೆಯಲಾರದು. ಇದಕ್ಕೆ ನನ್ನ ಬಳಿ ಪೂರ್ತಿ ಉತ್ತರವಿಲ್ಲ. ಪಾರ್ಕಿಂಗ್ ಬಯಲಿನಲ್ಲಿ ಆ ದಾಟುವಿಕೆಗೆ ಇದ್ದ ತಡೆ ಇನ್ನೂ ಕಡಿಮೆ ಎಂಬುದಷ್ಟೇ ಸಮಾಧಾನ. ಸ್ನಾತಕೋತ್ತರ ಓದಿಗೆ ಕರ್ನಾಟಕದಿಂದ ಹೋದವರು ಸಾಮಾನ್ಯವಾಗಿ 21 ದಾಟಿರುತ್ತಾರೆ, ಹಾಗಾಗಿ ಪಕ್ಕದ ಕಿರಿಯನಿಗೆ ಒಂದು ತಂದುಕೊಡುವ ಬೇಡಿಕೆ ಬರುವುದೂ ಇವರಿಗೇ. ಅದು ಸ್ನೇಹದ ಮಾತಲ್ಲ, ಅಪರಾಧ. ಕುಡಿದು ಕಾರು ಓಡಿಸಿ ಬಂಧನವಾದರಂತೂ, ಅಪರಾಧ ಸಾಬೀತಾಗುವ ಮೊದಲೇ ವೀಸಾ ರದ್ದು ಮಾಡುವ ಅಧಿಕಾರ ಅಲ್ಲಿನ ವಿದೇಶಾಂಗ ಇಲಾಖೆಗಿದೆ. ಸಹಪಾಠಿ ದಂಡ ಕಟ್ಟಿ ಹೊರಬರುವ ಕಡೆ ವಿದೇಶಿ ವಿದ್ಯಾರ್ಥಿಯ ಓದೇ ಮುಳುಗಬಹುದು.

ಇಷ್ಟಾಗಿಯೂ ನನಗೆ ಆತಂಕ ಇರುವುದು ಹಣದ ಬಗ್ಗೆ. ವೆಸ್ಟ್ ವರ್ಜೀನಿಯಾದ ಮೊದಲ ವರ್ಷದ ಬಿಯರ್ ಆದಾಯ ಐದು ಲಕ್ಷ ಡಾಲರಿನ ಆಸುಪಾಸು. ದೊಡ್ಡ ಕ್ರೀಡಾಂಗಣಗಳಲ್ಲಿ ಅದು ಹಲವು ಪಟ್ಟಾಗುತ್ತದೆ. 2025ರ ಜೂನ್‌ನಲ್ಲಿ ನ್ಯಾಯಾಲಯ ಒಪ್ಪಿದ ಒಪ್ಪಂದದಂತೆ ವಿಶ್ವವಿದ್ಯಾಲಯಗಳು ಆಟಗಾರರಿಗೆ ನೇರವಾಗಿ ವರ್ಷಕ್ಕೆ ಸುಮಾರು ಎರಡು ಕೋಟಿ ಡಾಲರ್‌ವರೆಗೆ ಹಂಚಬಹುದು. ಆ ದುಡ್ಡು ಎಲ್ಲಿಂದಲಾದರೂ ಬರಬೇಕು. ಆಗ ಬಲಿಯಾಗುವುದು ಮೊದಲು ಹೇಳಿದ ಚಿಲ್ಲರೆ ಸಂಗತಿಗಳೇ: ಕಪ್ಪು ಒಂದಿಷ್ಟು ದೊಡ್ಡದಾಗುತ್ತದೆ, ಮುಚ್ಚುವ ಹೊತ್ತು ಒಂದಿಷ್ಟು ಮುಂದೆ ಹೋಗುತ್ತದೆ. ವೃತ್ತಿಪರ ಬೇಸ್‌ಬಾಲ್‌ನಲ್ಲಿ ಇದು ಕಣ್ಣೆದುರೇ ನಡೆಯಿತು. 2023ರಲ್ಲಿ ಹೊಸ ನಿಯಮದಿಂದ ಪಂದ್ಯಗಳು ಬೇಗ ಮುಗಿಯತೊಡಗಿದಾಗ, ಏಳನೇ ಇನಿಂಗ್ಸ್‌ಗೆ ನಿಲ್ಲಿಸುತ್ತಿದ್ದ ಮಾರಾಟವನ್ನು ಕೆಲವು ತಂಡಗಳು ಎಂಟನೆಯದಕ್ಕೆ ಎಳೆದವು. ಆಟ ಚಿಕ್ಕದಾದರೆ ಕುಡಿತವೂ ಚಿಕ್ಕದಾಗಲಿ ಎಂದು ಅವರಿಗೆ ಹೊಳೆಯಲಿಲ್ಲ. ಒಹಾಯೊ ಸ್ಟೇಟ್ ಆರಂಭದಲ್ಲಿ ಬಿಯರ್ ಆದಾಯದ ಒಂದು ಭಾಗವನ್ನು ಕ್ಯಾಂಪಸ್ ಪೊಲೀಸರ ಹುದ್ದೆಗಳಿಗೆ ಮೀಸಲಿಟ್ಟಿತ್ತು. ಅಂಥ ಕಟ್ಟು ಎಲ್ಲ ಕಡೆಯೂ ಬೇಕು. ಪ್ರತಿ ಋತುವಿನ ಕೊನೆಗೆ ಬಂಧನಗಳೆಷ್ಟು, ಹೊರಹಾಕಿದ್ದೆಷ್ಟು, ಮಾರಿದ್ದೆಷ್ಟು ಎಂಬ ಮೂರು ಅಂಕಿಗಳನ್ನು ಒಂದೇ ಪುಟದಲ್ಲಿ ಪ್ರಕಟಿಸದ ವಿಶ್ವವಿದ್ಯಾಲಯ, ಮಾರಾಟದಿಂದ ಸುರಕ್ಷತೆ ಹೆಚ್ಚಿತು ಎಂದರೆ ನಾನು ನಂಬುವುದಿಲ್ಲ.