ಬಟಾಟೆ ರೊಟ್ಟಿ ಗರಿಗರಿಯಾಗಲು ಏನು ಮಾಡಬೇಕು?

ಪ್ರಶ್ನೆ: ಹಸಿ ಬಟಾಟೆ ತುರಿದು, ನೀರುಳ್ಳಿ, ಹಸಿಮೆಣಸು, ಉಪ್ಪು ಸೇರಿಸಿ ಕಾವಲಿಯಲ್ಲಿ ರೊಟ್ಟಿಯ ಹಾಗೆ ತಟ್ಟುತ್ತೇನೆ. ಅಂಚು ಕಪ್ಪಾಗುತ್ತದೆ, ನಡುವೆ ಹಸಿಯಾಗಿಯೇ ಉಳಿಯುತ್ತದೆ. ಚೆನ್ನಾಗಿ ಬಂದ ದಿನವೂ ತಟ್ಟೆಗೆ ಹಾಕಿದ ಐದು ನಿಮಿಷಕ್ಕೆ ಮೆತ್ತಗಾಗಿಬಿಡುತ್ತದೆ. ಅಳತೆ ಒಂದೇ ಆದರೂ ಒಮ್ಮೆ ಒಂದು ಥರ, ಇನ್ನೊಮ್ಮೆ ಇನ್ನೊಂದು ಥರ. ಯಾಕೆ ಹೀಗೆ? ಅಕ್ಕಿಹುಡಿ ಜಾಸ್ತಿ ಹಾಕಬೇಕೇ?
– ಓದುಗರು, ಸಿದ್ಧಕಟ್ಟೆ

ಉತ್ತರ: ಅಕ್ಕಿಹುಡಿ ಜಾಸ್ತಿ ಹಾಕಬೇಡಿ. ಹಾಕಿದಷ್ಟೂ ಅದು ಅಕ್ಕಿರೊಟ್ಟಿಯಾಗುತ್ತದೆ, ಬಟಾಟೆಯ ರುಚಿ ಹಿಂದೆ ಸರಿಯುತ್ತದೆ. ನಿಮ್ಮ ರೊಟ್ಟಿಯಲ್ಲಿ ಹಿಟ್ಟು ಕಡಿಮೆಯಾಗಿಲ್ಲ, ನೀರು ಹೆಚ್ಚಾಗಿದೆ. ಬಟಾಟೆಯ ತೂಕದಲ್ಲಿ ಸುಮಾರು ಶೇ. 80ರಷ್ಟು ನೀರೇ. ಅರ್ಧ ಕಿಲೋ ಬಟಾಟೆ ತುರಿದರೆ ನಾನೂರು ಗ್ರಾಂನಷ್ಟು ನೀರನ್ನು ಕಾವಲಿಯ ಮೇಲೆ ಸುರಿಯಲು ಹೊರಟಿದ್ದೀರಿ ಎಂದೇ ಅರ್ಥ. ನೀರು ಇರುವವರೆಗೆ ಆ ಜಾಗ 100 ಡಿಗ್ರಿ ಸೆಲ್ಸಿಯಸ್ ದಾಟುವುದಿಲ್ಲ. ಬೆಂಕಿ ಎಷ್ಟೇ ದೊಡ್ಡದಿರಲಿ, ಕೊಟ್ಟ ಶಾಖವೆಲ್ಲ ನೀರನ್ನು ಆವಿ ಮಾಡುವುದಕ್ಕೇ ಖರ್ಚಾಗುತ್ತದೆ. ಹೊಂಬಣ್ಣ, ಹುರಿದ ಪರಿಮಳ, ಗರಿ ಬರುವುದು ಮೇಲ್ಮೈ ಒಣಗಿ ಸುಮಾರು 140 ಡಿಗ್ರಿ ಮುಟ್ಟಿದ ಮೇಲೆ. ಅಲ್ಲಿ ಬಟಾಟೆಯ ಸಕ್ಕರೆಯೂ ಅಮೈನೋ ಆಮ್ಲಗಳೂ ಸೇರಿ ಬಣ್ಣ, ವಾಸನೆ ಹುಟ್ಟಿಸುತ್ತವೆ. ಫ್ರಾನ್ಸಿನ ರಸಾಯನ ವಿಜ್ಞಾನಿ ಲೂಯಿ ಕಮೀಯ್ ಮಯಾರ್ 1912ರಲ್ಲಿ ಈ ಕ್ರಿಯೆಯನ್ನು ವಿವರಿಸಿದ್ದರಿಂದ ಅದಕ್ಕೆ ಅವರದೇ ಹೆಸರು. ನಿಮ್ಮ ರೊಟ್ಟಿಯಲ್ಲಿ ತೆಳ್ಳಗಿನ ಅಂಚು ಬೇಗ ಒಣಗಿ ಈ ಹಂತವನ್ನೂ ದಾಟಿ ಕರಟುತ್ತದೆ. ದಪ್ಪಗಿನ ನಡುಭಾಗ ಆಗಲೂ ತನ್ನ ನೀರಿನಲ್ಲೇ ಬೇಯುತ್ತಿರುತ್ತದೆ.

ಹಾಗಾದರೆ ಮೊದಲು ಹಿಂಡಬೇಕು. ತುರಿದ ಬಟಾಟೆಯನ್ನು ತೆಳು ಬೈರಾಸಿನಲ್ಲಿ ಕಟ್ಟಿ, ಕೈ ಸೋಲುವವರೆಗೆ ತಿರುಚಿ ಹಿಂಡಿ. ಬರೀ ಮುಷ್ಟಿಯಲ್ಲಿ ಅದುಮಿದರೆ ಸಾಲದು. ಆದರೆ ಹಿಂಡಿದ ನೀರನ್ನು ಚೆಲ್ಲಬೇಡಿ. ಒಂದು ಪಾತ್ರೆಯಲ್ಲಿ ಹತ್ತು ನಿಮಿಷ ಅಲುಗಾಡಿಸದೆ ಇಟ್ಟು, ಮೇಲಿನ ಕೆಂಚು ನೀರನ್ನು ಮೆಲ್ಲಗೆ ಬಸಿಯಿರಿ. ತಳದಲ್ಲಿ ಬೆಳ್ಳಗೆ, ಗಟ್ಟಿಯಾಗಿ ಕೂತಿರುವುದು ಬಟಾಟೆಯ ಪಿಷ್ಟ. ನಿಮ್ಮ ಕಡೆಯ ಮನೆಗಳಲ್ಲಿ ಕೂವೆಗೆಡ್ಡೆ ತುರಿದು, ತೊಳೆದು, ನೀರು ಬಸಿದು, ತಳದಲ್ಲಿ ಕೂತದ್ದನ್ನು ಒಣಗಿಸಿ ಕೂವೆಹುಡಿ ಮಾಡುತ್ತಾರಲ್ಲ, ಅದೇ ಕೆಲಸ ಇದು. ಒಣಗಿಸುವ ಹಂತವೊಂದು ಬೇಡ. ಈ ಪಿಷ್ಟವನ್ನು ಬೆರಳಲ್ಲಿ ಕೆರೆದು ಹಿಂಡಿದ ತುರಿಗೇ ಮತ್ತೆ ಸೇರಿಸಿ. 60ರಿಂದ 70 ಡಿಗ್ರಿ ಶಾಖದಲ್ಲಿ ಅದು ಉಬ್ಬಿ ಅಂಟಾಗಿ, ಎಳೆಗಳನ್ನು ಒಂದಕ್ಕೊಂದು ಹಿಡಿಸುತ್ತದೆ; ಆಮೇಲೆ ಒಣಗಿ ಗರಿಯಾಗುವುದೂ ಅದೇ. ರೊಟ್ಟಿ ಮಗುಚುವಾಗ ಒಡೆಯುತ್ತದೆ ಎಂದು ಹಿಟ್ಟು ಸುರಿಯುವವರು ಹೆಚ್ಚಿನವರು ಈ ಪಿಷ್ಟವನ್ನು ನೀರಿನ ಜೊತೆ ಬಚ್ಚಲಿಗೆ ಚೆಲ್ಲಿದವರೇ.

ಉಪ್ಪನ್ನು ಮಾತ್ರ ಕೊನೆಗೆ ಹಾಕಿ. ಉಪ್ಪು ಬಿದ್ದ ಕೂಡಲೇ ಬಟಾಟೆಯೂ ನೀರುಳ್ಳಿಯೂ ಮತ್ತೆ ನೀರು ಬಿಡಲು ತೊಡಗುತ್ತವೆ. ಎಲ್ಲಕ್ಕೂ ಒಟ್ಟಿಗೆ ಉಪ್ಪು ಬೆರೆಸಿ, ಕಲಸಿದ್ದನ್ನು ಬದಿಗಿಟ್ಟು ಒಂದೊಂದಾಗಿ ತಟ್ಟುತ್ತಾ ಹೋದರೆ ಮೊದಲ ರೊಟ್ಟಿ ಚೆನ್ನಾಗಿ, ಕೊನೆಯದು ಮುದ್ದೆಯಾಗುತ್ತದೆ. ಒಂದು ಕಾವಲಿಗೆ ಬೇಕಾದಷ್ಟಕ್ಕೆ ಮಾತ್ರ ಆಗಾಗ ಉಪ್ಪು ಸೇರಿಸಿಕೊಳ್ಳಿ. ನೀರುಳ್ಳಿಯನ್ನು ಬಟಾಟೆಯ ಜೊತೆಗೇ ತುರಿದು ಹಿಂಡುವುದು ಒಳ್ಳೆಯದು. ಅದರಲ್ಲಿರುವ ಗಂಧಕದ ಅಂಶ ಬಟಾಟೆ ಬೇಗ ಕಂದು ತಿರುಗದಂತೆ ತಡೆಯುತ್ತದೆ.

ಇನ್ನು ನಿಮ್ಮ ಪ್ರಶ್ನೆಯ ಅತಿ ಮುಖ್ಯ ಭಾಗ: ಅಳತೆ ಒಂದೇ ಆದರೂ ಫಲ ಬೇರೆ ಬೇರೆ ಯಾಕೆ? ಇದಕ್ಕೆ ಕಾರಣ ನಿಮ್ಮ ಕೈಯಲ್ಲ. ಬಟಾಟೆ ಬದಲಾಗುತ್ತಿದೆ.

ಕರಾವಳಿಯಲ್ಲಿ ಬಟಾಟೆ ಬೆಳೆಯುವುದಿಲ್ಲ. ಅದಕ್ಕೆ ತಂಪು ರಾತ್ರಿಗಳೂ ನೀರು ನಿಲ್ಲದ ಸಡಿಲ ಮಣ್ಣೂ ಬೇಕು. ಬಂಟ್ವಾಳ, ಬೆಳ್ತಂಗಡಿ, ಮೂಡುಬಿದಿರೆಯ ಅಂಗಡಿಗಳಿಗೆ ಬರುವ ಪ್ರತಿಯೊಂದು ಬಟಾಟೆಯೂ ಘಟ್ಟ ಇಳಿದು ಬಂದದ್ದು. ಶಿರಾಡಿ ಘಾಟಿ ಹತ್ತಿದರೆ ಸಿಗುವ ಹಾಸನ ಜಿಲ್ಲೆ ರಾಜ್ಯದ ಹೆಸರಾಂತ ಬಟಾಟೆ ಸೀಮೆ. ಹಾಸನ, ಅರಕಲಗೂಡು, ಹೊಳೆನರಸೀಪುರ, ಬೇಲೂರು ತಾಲ್ಲೂಕುಗಳ ರೈತರು ಪಂಜಾಬಿನ ಜಲಂಧರ್ ಕಡೆಯಿಂದ ಬರುವ ಬಿತ್ತನೆ ಗೆಡ್ಡೆಯನ್ನು ಮೇ ತಿಂಗಳಲ್ಲಿ ಕೊಂಡು, ಮುಂಗಾರಿನ ಮೊದಲ ಮಳೆಗೆ ನೆಡುತ್ತಾರೆ. ಆಗಸ್ಟ್, ಸೆಪ್ಟೆಂಬರಿನಲ್ಲಿ ಕೀಳುತ್ತಾರೆ. ದೇಶದ ಹೆಚ್ಚಿನ ಕಡೆ ಬಟಾಟೆ ಚಳಿಗಾಲದ ಬೆಳೆ; ಹಾಸನದ್ದು ಮಳೆಗಾಲದ್ದು. ಮೋಡ ಕವಿದು ಜಿಟಿಜಿಟಿ ಮಳೆ ಹಿಡಿದರೆ ಅಂಗಮಾರಿ ರೋಗ ಹೊಲಕ್ಕೆ ಹೊಲವನ್ನೇ ಸುಡುತ್ತದೆ. ಆ ಹೊಡೆತಕ್ಕೆ ಸಿಕ್ಕಿ ಎಷ್ಟೋ ರೈತರು ಮುಸುಕಿನ ಜೋಳಕ್ಕೆ, ಶುಂಠಿಗೆ ತಿರುಗಿದ್ದಾರೆ. ಬಟಾಟೆಯ ವಿಸ್ತೀರ್ಣ ಬಹಳ ಇಳಿದಿದೆ. ನಾವು ಕಿಲೋಗೆ ಎರಡು ರೂಪಾಯಿ ಚೌಕಾಸಿ ಮಾಡುವಾಗ ಇದನ್ನು ನೆನೆಯಬೇಕು ಎಂದು ನನಗೆ ಅನಿಸುತ್ತದೆ.

ಮಳೆಯಲ್ಲೇ ಕಿತ್ತ ಈ ಹೊಸ ಬಟಾಟೆಯ ಸಿಪ್ಪೆ ತೆಳು, ಒಳಗೆ ನೀರು ಹೆಚ್ಚು. ಸಾರಿಗೆ, ಪಲ್ಯಕ್ಕೆ ತುಂಬ ರುಚಿ. ರೊಟ್ಟಿಗಾದರೆ ಇನ್ನೊಂದು ಸುತ್ತು ಜೋರಾಗಿ ಹಿಂಡಬೇಕು. ಹಾಸನದ್ದು ಮುಗಿದ ಮೇಲೆ ಬರುವುದು ಬಹುಪಾಲು ಉತ್ತರದ್ದು: ಆಗ್ರಾ, ಇಂದೋರ್. ಅಲ್ಲಿ ಜನವರಿಯಿಂದ ಮಾರ್ಚ್‌ವರೆಗೆ ಕಿತ್ತ ಬೆಳೆ ಕೋಲ್ಡ್ ಸ್ಟೋರೇಜ್ ಸೇರಿ ವರ್ಷದ ಕೊನೆಯವರೆಗೂ ಹೊರಬರುತ್ತಿರುತ್ತದೆ. ಸ್ಟೋರೇಜಿನೊಳಗಿನ ಶಾಖ 2ರಿಂದ 4 ಡಿಗ್ರಿ. ಅಷ್ಟು ಚಳಿಯಲ್ಲಿ ಬಟಾಟೆ ತನ್ನ ಪಿಷ್ಟವನ್ನು ಸ್ವಲ್ಪ ಸ್ವಲ್ಪವಾಗಿ ಸಕ್ಕರೆಯಾಗಿ ಒಡೆಯುತ್ತದೆ. ಹಾಗಾಗಿ ಅಂಥ ಬಟಾಟೆ ಬೇಯಿಸಿದರೆ ತುಸು ಸಿಹಿ. ಕಾವಲಿಗೆ ಹಾಕಿದರೆ ಒಳಗೆ ಬೇಯುವ ಮೊದಲೇ ಹೊರಗೆ ಕಂದಿ ಕಹಿಯಾಗುತ್ತದೆ. ನಿಮ್ಮ ಕಪ್ಪು ಅಂಚಿನ ಒಂದು ಕಾರಣ ಇದೇ ಇರಬೇಕು. ಮನೆಯ ಫ್ರಿಜ್ಜಿನಲ್ಲಿ ಬಟಾಟೆ ಇಟ್ಟರೂ ಇದೇ ಆಗುತ್ತದೆ, ಆದ್ದರಿಂದ ಹುರಿಯುವ ಬಟಾಟೆಯನ್ನು ಫ್ರಿಜ್ಜಿನಿಂದ ದೂರವಿಡಿ. ಚಿಪ್ಸ್ ಕಂಪನಿಗಳಿಗೆ ಈ ಸಕ್ಕರೆಯೇ ದೊಡ್ಡ ತಲೆನೋವು. ಶಿಮ್ಲಾದ ಕೇಂದ್ರೀಯ ಆಲೂಗಡ್ಡೆ ಸಂಶೋಧನಾ ಸಂಸ್ಥೆ 1998ರಲ್ಲಿ ಹೊರತಂದ ಕುಫ್ರಿ ಚಿಪ್ಸೋನಾ ತಳಿಗಳು ಅದಕ್ಕೆಂದೇ ಬಂದವು: ಸಕ್ಕರೆ ಕಡಿಮೆ, ಒಣ ಅಂಶ ಹೆಚ್ಚು. ನಮ್ಮ ಅಂಗಡಿಗಳಲ್ಲಿ ಹೆಚ್ಚಾಗಿ ಕಾಣುವ ಕುಫ್ರಿ ಜ್ಯೋತಿ 1968ರ ತಳಿ, ಎಲ್ಲ ಅಡುಗೆಗೂ ಒಗ್ಗುವಂಥದ್ದು.

ಕೋಲ್ಡ್ ಸ್ಟೋರೇಜಿನ ಬಟಾಟೆ ಎಂದು ಗೊತ್ತಾದರೆ ಗಾಳಿಯಾಡುವ, ಬೆಳಕು ಬೀಳದ ಜಾಗದಲ್ಲಿ ಒಂದೆರಡು ವಾರ ಇಡಿ. ಬೆಚ್ಚಗಿನ ಹವೆಯಲ್ಲಿ ಸಕ್ಕರೆ ಬಹಳಷ್ಟು ಇಳಿಯುತ್ತದೆ. ಅಷ್ಟು ಕಾಯಲಾಗದಿದ್ದರೆ, ಮೊದಲು ಹಿಂಡಿ ಪಿಷ್ಟವನ್ನು ತೆಗೆದಿಟ್ಟುಕೊಂಡು, ತುರಿಯನ್ನು ಉಗುರು ಬೆಚ್ಚಗಿನ ನೀರಿನಲ್ಲಿ ಒಮ್ಮೆ ಅದ್ದಿ, ಮತ್ತೆ ಹಿಂಡಿ. ಸಕ್ಕರೆ ನೀರಿನ ಜೊತೆ ಹೋಗುತ್ತದೆ. ಮೊಳಕೆ ಬಂದ ಭಾಗವನ್ನೂ ಹಸಿರು ತಿರುಗಿದ ಸಿಪ್ಪೆಯನ್ನೂ ದಪ್ಪವಾಗಿ ಕೆತ್ತಿ ಎಸೆಯಿರಿ. ಅಲ್ಲಿ ಸೊಲನಿನ್ ಎಂಬ ವಿಷದ ಅಂಶ ಸೇರಿರುತ್ತದೆ. ಪೂರ್ತಿ ಹಸಿರಾದದ್ದನ್ನು ಬಳಸಲೇ ಬೇಡಿ.

ಯಾವ ಬಟಾಟೆ ಹಿಟ್ಟಿನದು, ಯಾವುದು ನೀರಿನದು ಎಂದು ಮನೆಯಲ್ಲೇ ನೋಡಬಹುದು. ಒಂದು ಪಾಲು ಉಪ್ಪಿಗೆ ಹನ್ನೊಂದು ಪಾಲು ನೀರು ಸೇರಿಸಿ ಕರಗಿಸಿ. ಅದರಲ್ಲಿ ಮುಳುಗುವ ಬಟಾಟೆಯಲ್ಲಿ ಪಿಷ್ಟ ಹೆಚ್ಚು, ರೊಟ್ಟಿಗೆ ಅದೇ ಬೇಕು. ತೇಲುವುದನ್ನು ಸಾಂಬಾರಿಗೆ ಇಟ್ಟುಕೊಳ್ಳಿ.

ಈಗ ಮಾಡುವ ಕ್ರಮ. ಅರ್ಧ ಕಿಲೋ ಬಟಾಟೆ, ಒಂದು ಸಣ್ಣ ನೀರುಳ್ಳಿ ದೊಡ್ಡ ಕಣ್ಣಿನ ತುರಿಮಣೆಯಲ್ಲಿ ಉದ್ದುದ್ದ ಎಳೆ ಬರುವಂತೆ ತುರಿಯಿರಿ. ಮಿಕ್ಸಿಗೆ ಹಾಕಿದರೆ ಜೀವಕೋಶಗಳೆಲ್ಲ ಒಡೆದು ಗಂಜಿಯಾಗುತ್ತದೆ, ಎಳೆಯೇ ಉಳಿಯುವುದಿಲ್ಲ. ಹಿಂಡಿ, ಪಿಷ್ಟ ಸೇರಿಸಿ, ಎರಡು ಚಮಚ ಬೆಳ್ತಿಗೆ ಅಕ್ಕಿಯ ಹುಡಿ, ಸಣ್ಣಗೆ ಹೆಚ್ಚಿದ ಹಸಿಮೆಣಸು, ಶುಂಠಿ, ಕರಿಬೇವು ಬೆರೆಸಿ. ಮೊಟ್ಟೆ ತಿನ್ನುವ ಮನೆಯಾದರೆ ಒಂದು ಮೊಟ್ಟೆ ಹಾಕಬಹುದು, ಹಾಕದಿದ್ದರೂ ನಡೆಯುತ್ತದೆ. ಕಬ್ಬಿಣದ ಕಾವಲಿಯನ್ನು ಮಧ್ಯಮ ಉರಿಯಲ್ಲಿ ಕಾಯಿಸಿ, ದೋಸೆಗೆ ಸವರುವಷ್ಟಲ್ಲ, ತಳ ಪೂರ್ತಿ ಮುಚ್ಚುವಷ್ಟು ತೆಂಗಿನೆಣ್ಣೆ ಬಿಡಿ. ಎಣ್ಣೆ ಹೊಗೆಯಾಡಬಾರದು. ಒಂದು ಎಳೆ ಹಾಕಿದರೆ ಸುಂಯ್ ಎನ್ನಬೇಕು. ಅಂಗೈ ಅಗಲಕ್ಕೆ, ಕಿರುಬೆರಳಿನ ಅರ್ಧ ದಪ್ಪಕ್ಕೆ ಹರಡಿ. ಅಂಚಿನಲ್ಲಿ ಎಳೆಗಳು ಚದುರಿದ್ದರೆ ಹಾಗೇ ಬಿಡಿ, ಗರಿ ಹೆಚ್ಚು ಬರುವುದೇ ಅಲ್ಲಿ. ಸಟ್ಟುಗದಿಂದ ಒತ್ತುತ್ತಾ ಕೂರಬೇಡಿ, ಮುಚ್ಚಳವಂತೂ ಬೇಡವೇ ಬೇಡ. ನಾಲ್ಕೈದು ನಿಮಿಷಕ್ಕೆ ಅಡಿ ಹೊಂಬಣ್ಣವಾಗಿ ತಾನಾಗಿಯೇ ಕಾವಲಿ ಬಿಡುತ್ತದೆ. ಬಿಡುವ ಮೊದಲೇ ಎಬ್ಬಿಸಿದರೆ ಅರ್ಧ ಕಾವಲಿಯಲ್ಲೇ ಉಳಿಯುತ್ತದೆ. ಒಮ್ಮೆ ಮಾತ್ರ ಮಗುಚಿ. ಕಂದು ಹೆಚ್ಚಿದಷ್ಟು ರುಚಿ ಎನ್ನುವವರಿದ್ದಾರೆ. ಆದರೆ 2002ರಲ್ಲಿ ಸ್ವೀಡನ್ನಿನ ವಿಜ್ಞಾನಿಗಳು ಇಂಥ ಹುರಿದ ಪದಾರ್ಥಗಳಲ್ಲಿ ಅಕ್ರಿಲಮೈಡ್ ಎಂಬ ಬೇಡದ ವಸ್ತು ಉಂಟಾಗುವುದನ್ನು ತೋರಿಸಿದರು. ಬಣ್ಣ ಗಾಢವಾದಷ್ಟೂ ಅದು ಹೆಚ್ಚು. ಹೊಂಬಣ್ಣಕ್ಕೆ ನಿಲ್ಲಿಸಿ.

ಇಳಿಸಿದ ಮೇಲೆ ಮೆತ್ತಗಾಗುವುದಕ್ಕೆ ಮಳೆಗಾಲದ ಹವೆಯನ್ನು ದೂರುವುದುಂಟು. ಅದರ ಪಾಲೂ ಇದೆ, ಆದರೆ ದೊಡ್ಡ ಪಾಲು ರೊಟ್ಟಿಯೊಳಗಿನ ಆವಿಯದು. ಬಿಸಿ ರೊಟ್ಟಿಯನ್ನು ಸ್ಟೀಲ್ ತಟ್ಟೆಗೆ ಹಾಕಿದರೆ ಅಡಿಯಿಂದ ಹೊರಟ ಆವಿಗೆ ದಾರಿಯಿಲ್ಲದೆ ತಟ್ಟೆಯಲ್ಲೇ ನೀರಾಗಿ, ಗರಿ ಆ ನೀರನ್ನು ಹೀರುತ್ತದೆ. ಒಂದರ ಮೇಲೊಂದು ಪೇರಿಸಿದರೆ, ಹಾಟ್ ಬಾಕ್ಸಿನಲ್ಲಿ ಮುಚ್ಚಿಟ್ಟರೆ ಇನ್ನೂ ಬೇಗ. ತಂತಿಯ ಜಾಲರಿ ಇದ್ದರೆ ಅದರ ಮೇಲೆ ಬಿಡಿ ಬಿಡಿಯಾಗಿ ಇಡಿ. ಇಲ್ಲವಾದರೆ ಬಿದಿರಿನ ಗೆರಸೆ, ತುಳುವಿನ ತಡ್ಪೆ, ಸಾಕು. ಅದರ ಅಂಚಿಗೆ ಒರಗಿಸಿ ನಿಲ್ಲಿಸಿದರೆ ಎರಡೂ ಬದಿಗೆ ಗಾಳಿ ತಗಲುತ್ತದೆ.

ಬೇಯಿಸಿದ ಬಟಾಟೆಯಿಂದ ಮಾಡಬಾರದೇ ಎಂದು ನೀವು ಮುಂದೆ ಕೇಳಬಹುದು. ಸ್ವಿಟ್ಜರ್ಲೆಂಡಿನ ಬರ್ನ್ ಸೀಮೆಯ ರೈತರ ಬೆಳಗಿನ ತಿಂಡಿ ರ್ಯೋಸ್ಟಿಯನ್ನು ಅನೇಕರು ಹಾಗೆಯೇ ಮಾಡುತ್ತಾರೆ: ಹಿಂದಿನ ದಿನ ಅರೆಬೇಯಿಸಿ, ತಣಿಸಿ, ಮರುದಿನ ತುರಿಯುತ್ತಾರೆ. ತಣಿದಾಗ ಪಿಷ್ಟ ಮತ್ತೆ ಗಟ್ಟಿಯಾಗುವುದರಿಂದ ಎಳೆ ಮುದ್ದೆಯಾಗುವುದಿಲ್ಲ, ನಡುವೆ ಹಸಿ ಉಳಿಯುವ ಭಯವೂ ಇಲ್ಲ. ಹಸಿ ತುರಿಯದು ಪೂರ್ವ ಯುರೋಪಿನ ಯಹೂದಿಗಳ ಲಾಟ್ಕೆಯ ದಾರಿ. ಹನುಕ್ಕಾ ಹಬ್ಬದಲ್ಲಿ ಎಣ್ಣೆಯಲ್ಲಿ ಕರಿದದ್ದು ತಿನ್ನುವುದು ಹಳೆಯ ರೂಢಿಯಾದರೂ, ಅದರಲ್ಲಿ ಬಟಾಟೆ ವ್ಯಾಪಕವಾಗಿ ಸೇರಿದ್ದು 19ನೇ ಶತಮಾನದಲ್ಲಿ. ನಮ್ಮ ಕರಾವಳಿಯ ಕೊಂಕಣಿ ಮನೆಗಳಲ್ಲಿ ಬಟಾಟೆಯನ್ನು ತುರಿಯದೆ ಬಿಲ್ಲೆಗಳಾಗಿ ಹೆಚ್ಚಿ, ಮೆಣಸಿನಹುಡಿ, ಇಂಗು, ಉಪ್ಪು ಹಚ್ಚಿ, ರವೆಯಲ್ಲಿ ಹೊರಳಿಸಿ ಕಾವಲಿಯಲ್ಲಿ ಹುರಿಯುವ ಪೋಡಿ ಇದೆ. ಗರಿಯ ವಿಷಯದಲ್ಲಿ ಇವೆಲ್ಲಕ್ಕಿಂತ ಸುಲಭ ಅದು. ಬಟಾಟೆಯ ನೀರು ಹೊರಬರುವ ಮೊದಲೇ ರವೆ ಒಣಗಿ ಗರಿಯಾಗಿರುತ್ತದೆ. ಮೊದಲ ಸಲ ಮಾಡುವವರಿಗೆ ನಾನು ಪೋಡಿಯನ್ನೇ ಹೇಳುತ್ತೇನೆ.

ಕೊನೆಗೊಂದು ಮಾತು. ಸಿದ್ಧಕಟ್ಟೆಯಿಂದ ಒಂದು ದಿಕ್ಕಿಗೆ ಮೂಡುಬಿದಿರೆ, ಇನ್ನೊಂದು ದಿಕ್ಕಿಗೆ ವೇಣೂರು, ಎರಡೂ ಜೈನರ ಹಳೆಯ ನೆಲೆಗಳು. ನೆಲದೊಳಗೆ ಬೆಳೆಯುವ ಗೆಡ್ಡೆಗಳನ್ನು ವ್ರತವಾಗಿ ಬಿಟ್ಟ ಜೈನ ಮನೆಗಳಲ್ಲಿ ಬಟಾಟೆಯ ಜಾಗಕ್ಕೆ ಬಾಳೆಕಾಯಿ ಬರುತ್ತದೆ. ಈ ರೊಟ್ಟಿಗೂ ಅದು ಚೆನ್ನಾಗಿ ಒಗ್ಗುತ್ತದೆ. ಬಾಳೆಕಾಯಿಯಲ್ಲಿ ಬಟಾಟೆಗಿಂತ ನೀರು ಕಡಿಮೆ, ಪಿಷ್ಟ ಹೆಚ್ಚು. ಬಲಿತ ಕಾಯಿಯಾದರೆ ಹಿಂಡುವ ಕೆಲಸವೇ ಇಲ್ಲ. ಸಿಪ್ಪೆ ತೆಗೆದು ಮಜ್ಜಿಗೆ ನೀರಿಗೆ ಹಾಕಿ, ಒರಸಿ, ತುರಿದು, ನೀರುಳ್ಳಿ ಬಿಟ್ಟು ಉಳಿದದ್ದೆಲ್ಲ ಅದೇ ಕ್ರಮದಲ್ಲಿ ಮಾಡಿ. ಶುಂಠಿಯೂ ಗೆಡ್ಡೆಯಾದ್ದರಿಂದ ವ್ರತದವರು ಅದರ ಬದಲು ಕಾಳುಮೆಣಸು ಕುಟ್ಟಿ ಹಾಕಿಕೊಳ್ಳಲಿ. ಘಟ್ಟ ಇಳಿದು ಬರುವ ಬಟಾಟೆಗೆ ಕಾಯಬೇಕಿಲ್ಲ, ತೋಟದ ಗೊನೆಯೇ ಸಾಕು.

ಬಟಾಟೆಯದ್ದೇ ಬೇಕೆಂದರೆ ಫೆಬ್ರವರಿಯಿಂದ ಏಪ್ರಿಲ್‌ವರೆಗಿನ ಕಾಲ ಒಳ್ಳೆಯದು. ಉತ್ತರದ ಬಲಿತ ಹೊಸ ಬೆಳೆ ಕೋಲ್ಡ್ ಸ್ಟೋರೇಜ್ ಸೇರುವ ಮೊದಲೇ ಪೇಟೆಗೆ ಬಂದಿರುತ್ತದೆ. ಅಂಗಡಿಯವರ ಹತ್ತಿರ ಎಲ್ಲಿಯದು, ಹೊಸದೋ ಸ್ಟೋರೇಜಿನದೋ ಎಂದು ಕೇಳಿ ಕೊಳ್ಳಿ. ಆ ಕಾಲದಲ್ಲೂ ಮಳೆಗಾಲದಲ್ಲೂ ಮಾಡಿ ನೋಡಿ, ವ್ಯತ್ಯಾಸ ಹೇಗಿತ್ತೆಂದು ಬರೆಯಿರಿ.