ಎಲುಬುಗಳಿಂದ ಮಾತ್ರ ತಿಳಿದುಬಂದ ಒಂದು ಹಂಸ

ಹಂಸವು ಹಾಲನ್ನೂ ನೀರನ್ನೂ ಬೇರ್ಪಡಿಸುವದೆಂಬ ಮಾತನ್ನು ನಮ್ಮ ವಾಚಕರೆಲ್ಲರೂ ಬಲ್ಲರು. ಆದರೆ ಒಂದು ಹಂಸವನ್ನು ಮತ್ತೊಂದು ಹಂಸದಿಂದ ಬೇರ್ಪಡಿಸಿ ತಿಳಿಯುವದಕ್ಕೆ ವಿದ್ವಾಂಸರಿಗೆ ನೂರಕ್ಕೂ ಹೆಚ್ಚು ವರ್ಷಗಳು ಹಿಡಿದವು.

ನ್ಯೂಜಿಲೆಂಡ್ ದೇಶದ ಕ್ರೈಸ್ಟ್‌ಚರ್ಚ್ ಪಟ್ಟಣದ ಬಳಿ ಸಮ್ನರ್ ಎಂಬ ಸ್ಥಳವಿದೆ. 1889ರಲ್ಲಿ ಅಲ್ಲಿ ರಸ್ತೆಗಾಗಿ ಕಲ್ಲು ತೆಗೆಯುತ್ತಿದ್ದಾಗ, ಗುಡ್ಡ ಕುಸಿದು ಮುಚ್ಚಿಹೋಗಿದ್ದ ಒಂದು ಗವಿಯು ಕಾಣಬಂದಿತು. ಪೂರ್ವಕಾಲದ ಮಾವೊರಿ ಜನರು ಅದರಲ್ಲಿ ವಾಸಿಸಿ, ತಾವು ಬೇಟೆಯಾಡಿ ತಿಂದ ಪಕ್ಷಿಗಳ ಎಲುಬುಗಳನ್ನು ಅಲ್ಲಿಯೇ ಬಿಟ್ಟಿದ್ದರು. ಅವು ಇನ್ನೂ ಕಲ್ಲಾಗಿ ಮಾರ್ಪಡದ ಎಲುಬುಗಳು. ಅವುಗಳಲ್ಲಿ ಹಂಸದ ಎಲುಬುಗಳಿರುವದನ್ನು ಕಂಡ ಹೆನ್ರಿ ಫೋರ್ಬ್ಸ್ ಎಂಬ ಪಂಡಿತರು, 1890ರಲ್ಲಿ ಅದನ್ನು ಬೇರೊಂದು ಜಾತಿಯೆಂದು ಸಾರಿ, ಆ ಸ್ಥಳದ ಹೆಸರನ್ನೇ ಅದಕ್ಕಿಟ್ಟರು.

ಅಷ್ಟರೊಳಗೆ ಆ ದೇಶದ ಕೆರೆಗಳಲ್ಲಿ ಮತ್ತೊಂದು ಹಂಸವು ನೆಲೆಯೂರಿತ್ತು. 1860ರ ದಶಕದಲ್ಲಿ ಅಲ್ಲಿಯ ನಿವಾಸಿಗಳು ಆಸ್ಟ್ರೇಲಿಯದಿಂದ ಕಪ್ಪು ಹಂಸಗಳನ್ನು ತಂದು ಬಿಟ್ಟಿದ್ದರು. ಅವು ಬೇಗನೆ ವೃದ್ಧಿಯಾದವು. ಹಳೆಯ ಎಲುಬುಗಳೂ ಈ ಕಪ್ಪು ಹಂಸದವೇ ಎಂದು ಮುಂದಿನ ವಿದ್ವಾಂಸರಲ್ಲಿ ಅನೇಕರು ಎಣಿಸಿದರು. ಹೀಗೆ ಕೆರೆಯಿಂದ ಅಳಿದ ಪಕ್ಷಿಯು ಗ್ರಂಥದಿಂದಲೂ ಅಳಿಯಿತು.

ಎಲುಬುಗಳನ್ನು ಮಾತ್ರ ವಸ್ತುಸಂಗ್ರಹಾಲಯಗಳಲ್ಲಿ ಜೋಪಾನವಾಗಿ ಇಟ್ಟಿದ್ದರು. ಪ್ರಾಣಿಯ ವಂಶಲಕ್ಷಣವನ್ನು ಹೊತ್ತಿರುವ ಡಿ.ಎನ್.ಎ. ಎಂಬ ಸೂಕ್ಷ್ಮ ವಸ್ತುವು ಅಂಥ ಎಲುಬುಗಳಲ್ಲಿ ಬಹುಕಾಲ ಉಳಿಯಬಲ್ಲದು. ಒಟಾಗೊ ವಿಶ್ವವಿದ್ಯಾಲಯದ ನಿಕೊಲಸ್ ರಾಲೆನ್ಸ್ ಮತ್ತು ಅವರ ಸಂಗಡಿಗರು ಅದನ್ನು ಪರೀಕ್ಷಿಸಿ, 2017ರಲ್ಲಿ ಫಲವನ್ನು ಪ್ರಕಟಿಸಿದರು. ಫೋರ್ಬ್ಸರ ಮಾತೇ ನಿಜವಾಗಿತ್ತು. ಹತ್ತರಿಂದ ಇಪ್ಪತ್ತು ಲಕ್ಷ ವರ್ಷಗಳ ಹಿಂದೆಯೇ ಇದರ ವಂಶವು ಆಸ್ಟ್ರೇಲಿಯದ ಹಂಸದಿಂದ ಅಗಲಿತ್ತು. ಕಪ್ಪು ಹಂಸದ ತೂಕವು ಸುಮಾರು 6 ಕಿಲೋಗ್ರಾಂ. ಇದು 10ರವರೆಗೆ ತೂಗುತ್ತಿತ್ತು. ಕಾಲುಗಳು ನೀಳವಾಗಿಯೂ, ದೇಹಕ್ಕೆ ಹೋಲಿಸಿದರೆ ರೆಕ್ಕೆಗಳು ಗಿಡ್ಡವಾಗಿಯೂ ಇದ್ದವು. ಬೆದರಿಸುವ ನಾಲ್ಕು ಕಾಲಿನ ಮೃಗಗಳಿಲ್ಲದ ಆ ದ್ವೀಪಗಳಲ್ಲಿ ಅದು ಹಾರುವದನ್ನು ಮೆಲ್ಲಮೆಲ್ಲನೆ ಬಿಡುತ್ತಲಿತ್ತು. ಬಣ್ಣವನ್ನು ಎಲುಬುಗಳು ಹೇಳಲಾರವು. ಚಿತ್ರಗಾರನು ಅದಕ್ಕೆ ಕಪ್ಪು ಬಣ್ಣವನ್ನು ಬಳಿದರೆ, ಅದು ಬಂಧುವಿನಿಂದ ಪಡೆದ ಸಾಲವೆಂದೇ ತಿಳಿಯಬೇಕು.

13ನೆಯ ಶತಮಾನದಲ್ಲಿ ಪಾಲಿನೇಷ್ಯದ ಜನರು ದೋಣಿಗಳಲ್ಲಿ ಬಂದಿಳಿದರು. ಅವರ ಸಂಗಡ ಇಲಿಗಳೂ ಬಂದವು. ಹಾರಾಟದಲ್ಲಿ ಮಂದವಾದ ಆ ಹಕ್ಕಿಯು ಸುಲಭವಾಗಿ ಬೇಟೆಗೆ ಸಿಕ್ಕಿ, 1450ರ ಸುಮಾರಿಗೆ ನಿರ್ಮೂಲವಾಯಿತು.

ಇದೇ ಜಾತಿಯು ಅಲ್ಲಿಂದ ಪೂರ್ವಕ್ಕೆ ಸುಮಾರು 800 ಕಿಲೋಮೀಟರು ದೂರದ ಚಾಥಮ್ ದ್ವೀಪಗಳಲ್ಲಿಯೂ ಇತ್ತು. ಅಲ್ಲಿಯ ಮೊರಿಯೊರಿ ಜನರು ಗ್ರಂಥವನ್ನೂ ಎಲುಬನ್ನೂ ನೋಡದೆಯೇ, ಸರೋವರದ ಆ ದೊಡ್ಡ ಹಕ್ಕಿಯನ್ನು ಪೊಊವಾ ಎಂಬ ಹೆಸರಿನಿಂದ ತಮ್ಮ ಪೂರ್ವಿಕರ ಕಥೆಗಳಲ್ಲಿ ನೆನಪಿಟ್ಟುಕೊಂಡು ಬಂದಿದ್ದಾರೆ. ಈಗ ಆ ಸರೋವರದಲ್ಲಿ ಈಜುವವು ಆಸ್ಟ್ರೇಲಿಯದ ಕಪ್ಪು ಹಂಸಗಳು.