ಬೆರಳಿಟ್ಟು ನೋಡು, ಆಮೇಲೆ ಚೊಂಬು ಎತ್ತು

ನಿನ್ನ ಕೈಗುಣ ಒಳ್ಳೇದು ಕಣಪ್ಪ, ನೆಟ್ಟಿದ್ದೆಲ್ಲ ಚಿಗುರುತ್ತೆ. ಆದರೆ ಆ ಕೈಗೆ ಸುಮ್ಮನಿರೋಕೆ ಬರಲ್ಲ. ಬೆಳಗ್ಗೆ ಒಂದು ಚೊಂಬು ನೀರು, ಸಂಜೆ ಇನ್ನೊಂದು ಚೊಂಬು. ಈಗ ಸ್ನೇಕ್ ಪ್ಲಾಂಟಿನ ಎಲೆ ಹಳದಿ ತಿರುಗಿ, ಬುಡ ಮೆತ್ತಗಾಗಿ ವಾಲಿಕೊಂಡಿದೆ. "ತಾತ, ಯಾವ ಔಷಧಿ ಹೊಡೀಲಿ?" ಅಂತ ಕೇಳ್ತೀಯ. ಮೊದಲು ನೀರು ನಿಲ್ಲಿಸು ಮಾರಾಯ.

ಈ ಗಿಡದ ತವರು ಪಶ್ಚಿಮ ಆಫ್ರಿಕಾ. ಎಲೆಯಲ್ಲೂ ಮಣ್ಣೊಳಗಿನ ಗೆಡ್ಡೆಯಲ್ಲೂ ನೀರು ಕೂಡಿಟ್ಟುಕೊಳ್ಳೋ ಜಾಯಮಾನ. ಎಲೆಯ ರಂಧ್ರಗಳನ್ನು ಹಗಲು ಮುಚ್ಚಿಕೊಂಡು ರಾತ್ರಿ ತೆರೆಯುತ್ತೆ. ನಮ್ಮ ಹಳೇ ಅಜ್ಜಿಯರು ಸೆರಗಿಗೆ ಕಾಸು ಗಂಟು ಹಾಕಿಟ್ಟ ಹಾಗೆ ನೀರಿನ ವಿಷಯದಲ್ಲಿ ಬಲು ಬಿಗಿ. ಅಂಥದ್ದಕ್ಕೆ ದಿನಾ ಸುರಿದರೆ ಬೇರಿಗೆ ಗಾಳಿಯಾಡಲ್ಲ. ಸೊರಗಿದ ಬೇರಿಗೆ ಫ್ಯುಸೇರಿಯಂ ಥರದ ಶಿಲೀಂಧ್ರ ಅಂಟಿಕೊಳ್ಳುತ್ತೆ, ಅಲ್ಲಿಂದ ಗೆಡ್ಡೆಗೆ ಹತ್ತುತ್ತೆ.

ಮೊಬೈಲು ನೋಡಿ "ವಾರಕ್ಕೊಂದು ಸಲ" ಅಂತ ಕಣ್ಣು ಮುಚ್ಚಿ ನೀರು ಹಾಕಬೇಡ. ಅರಸೀಕೆರೆಯ ಬೇಸಿಗೆಯಲ್ಲಿ ಬೇಗ ಒಣಗೋ ಕುಂಡ, ಬೇಲೂರಿನ ಜಡಿಮಳೆಯಲ್ಲಿ ವಾರಗಟ್ಟಲೆ ಒದ್ದೆಯಾಗೇ ಇರುತ್ತೆ. ಹಳೇಬೀಡಿನಲ್ಲಿ ಆ ವರ್ಷದ ಮಳೆ ನೋಡಿಕೊಂಡು ನಡೀಬೇಕು. ಬೆರಳು ಎರಡು ಗೆಣ್ಣು ಮಣ್ಣಿಗಿಳಿಸು. ತಣ್ಣಗಿದ್ದರೆ ಚೊಂಬು ಕೆಳಗಿಡು. ಒಣಗಿದ್ದರೆ ಬುಡಕ್ಕೆ ಚೆನ್ನಾಗಿ ಹಾಕು, ಸುಳಿಯೊಳಗೆ ಬೇಡ. ತಟ್ಟೆಯಲ್ಲಿ ನಿಂತ ನೀರನ್ನು ಚೆಲ್ಲು. ನಮ್ಮೂರಲ್ಲಿ ತೆಂಗಿನ ನಾರಿನ ಪುಡಿ ಬೇಕಾದಷ್ಟು ಸಿಗುತ್ತೆ ನಿಜ, ಹಾಗಂತ ಕುಂಡದ ತುಂಬ ಅದನ್ನೇ ತುಂಬಬೇಡ. ಅದು ನೀರು ಹಿಡಿದಿಡುತ್ತೆ. ಅರ್ಧದಷ್ಟಾದರೂ ದಪ್ಪ ಮರಳು, ಸಣ್ಣ ಇಟ್ಟಿಗೆ ಚೂರು ಇರಲಿ. ತೂತಿಲ್ಲದ ಪಿಂಗಾಣಿ ಪಾಟು ಎಷ್ಟೇ ಚೆಂದವಿರಲಿ, ಅದರಲ್ಲಿ ಗಿಡ ನೆಡಬೇಡ.

ಈಗ ನಿನ್ನ ಗಿಡದ ವಿಷಯ. ತೋಟದಲ್ಲಿ ತೆಂಗಿಗೆ ಅಣಬೆ ರೋಗ ಬಂದರೆ ಏನು ಮಾಡ್ತಾರೆ ಅಂತ ನೋಡಿದ್ದೀಯಲ್ಲ? ಮರದ ಸುತ್ತ ಕಂದಕ ತೋಡ್ತಾರೆ, ಆ ಪಾತಿಯ ನೀರು ಪಕ್ಕದ ಮರಕ್ಕೆ ಹರಿಯೋಕೆ ಬಿಡಲ್ಲ. ನೀನೂ ಆ ಕುಂಡವನ್ನು ಉಳಿದವುಗಳಿಂದ ದೂರ ಇಡು. ಆಮೇಲೆ ಗಿಡ ಮಗುಚಿ ಮಣ್ಣು ಕೊಡವಿ ಗೆಡ್ಡೆ ಒತ್ತಿ ನೋಡು. ಗಟ್ಟಿಯಾಗಿ ಕೇಸರಿ ಬಣ್ಣಕ್ಕಿದ್ದರೆ ಜೀವ ಇದೆ. ಕಂದಾಗಿ, ಲೋಳೆಯಾಗಿ, ಮುಟ್ಟಿದರೆ ಸಿಪ್ಪೆ ಕಳಚಿ ನಾರುತ್ತಿದ್ದರೆ ಮುಗಿಯಿತು, ಆ ಭಾಗ ತೆಗಿ. ಕನಿಕರ ಪಟ್ಟು ಅರ್ಧ ಕೊಳೆತದ್ದನ್ನು ಉಳಿಸಿಕೊಳ್ಳಬೇಡ, ಒಳ್ಳೆಯ ಗೆಡ್ಡೆ ಕಾಣೋವರೆಗೂ ಕೊಯ್ಯಿ. ಪ್ರತಿ ಸಲ ಚಾಕು ಸ್ಪಿರಿಟ್ಟಿನಲ್ಲಿ ಒರೆಸು. ಉಳಿದ ತುಂಡನ್ನು ಎರಡು ಮೂರು ದಿನ ನೆರಳಲ್ಲಿ ಆರಲು ಬಿಡು, ಗಾಯ ಒಣಗಲಿ. ಹೊಸ ಮಣ್ಣಲ್ಲಿ ನೆಟ್ಟು ಒಂದು ವಾರ ನೀರಿನ ಮಾತೇ ಬೇಡ. ಹಳೇ ಮಣ್ಣನ್ನು ಬೇರೆ ಕುಂಡಕ್ಕೆ ಹಾಕಬೇಡ. ಬುಡದಲ್ಲಿ ಬಿಳಿ ಎಳೆಯೂ ಸಾಸಿವೆಯಂಥ ಕಾಳೂ ಕಂಡರಂತೂ ಆ ಮಣ್ಣನ್ನು ಮನೆಯಲ್ಲೇ ಇಟ್ಟುಕೊಳ್ಳಬೇಡ. ಆ ಕಾಳುಗಳಿಂದಲೇ ರೋಗ ಮತ್ತೆ ಹುಟ್ಟುತ್ತೆ.

ಎಲೆಯ ಮೇಲೆ ಗುಳಿಬಿದ್ದ ಕಂದು ಚುಕ್ಕೆ ಬಂದರೆ ಆ ಎಲೆ ಕತ್ತರಿಸಿ ಬಿಸಾಕು, ಉಳಿದ ಎಲೆಗೆ ನೀರು ಚಿಮುಕಿಸಬೇಡ. ಬೇಕೇ ಬೇಕು ಅಂದರೆ ಲೀಟರಿಗೆ 3 ಗ್ರಾಂ ಕಾಪರ್ ಆಕ್ಸಿಕ್ಲೋರೈಡ್ ಕಲಸಿ, ಕೈಗೆ ಗ್ಲೌಸು ಹಾಕಿಕೊಂಡು, ಮನೆಯಾಚೆ ಹೊಡಿ. ಆದರೆ ತಾಮ್ರದ ಔಷಧಿ ಕಾವಲಿಗೆ, ಕೊಳೆತದ್ದನ್ನು ಗಟ್ಟಿ ಮಾಡೋಕಲ್ಲ. ಅಡಿಕೆಯವರು ಮೈಲುತುತ್ತು, ಸುಣ್ಣ ಕಲಸಿ ಬೋರ್ಡೋ ದ್ರಾವಣ ಹೊಡೆಯೋದು ಮಳೆ ಹಿಡಿಯೋ ಮುಂಚೆ. ಕೊಳೆರೋಗ ಬಂದ ಮೇಲೆ ಓಡೋದರಿಂದ ಪ್ರಯೋಜನ ಕಮ್ಮಿ.

ಗೆಡ್ಡೆ ಪೂರಾ ಹೋಗಿದ್ದರೆ ಗಟ್ಟಿ ಎಲೆಯೊಂದನ್ನು ತುಂಡು ಮಾಡಿ, ಬುಡದ ಕಡೆ ಕೆಳಗಿರೋ ಹಾಗೆ ಮರಳಿಗೆ ನೆಡು. ಮರಿ ಬರುತ್ತೆ, ಹಳದಿ ಅಂಚು ಮಾತ್ರ ಬರಲ್ಲ, ಬೇಜಾರು ಮಾಡ್ಕೋಬೇಡ. ಬೇರು ಬಿಡೋಕೆ ಒಂದೆರಡು ತಿಂಗಳು ಹಿಡಿಯುತ್ತೆ. ಬಂತಾ ಅಂತ ಕಿತ್ತು ಕಿತ್ತು ನೋಡಬೇಡ.